ಬೆಂಕಿ ಹಚ್ಚುವ ಮೊದಲು ಗಾಳಿ ನೋಡಿ: ಬೇಸಿಗೆಯ ಬೆಂಕಿಗೆ ಕಾನೂನು ಏನು ಹೇಳುತ್ತದೆ?

ನಮ್ಮ ಮನೆ ಶಿರಸಿ ಸೀಮೆಯಲ್ಲಿ. ಕೆಳಗೆ ಅಡಿಕೆ ತೋಟ, ಮನೆಯ ಹಿಂದೆ ಧರೆ, ಧರೆಯ ಮೇಲೆ ಬೇಣ ಅಂದರೆ ಹುಲ್ಲುಗಾವಲು, ಅದರಾಚೆ ತೋಟಕ್ಕೆ ಸೊಪ್ಪು ತರುವ ಸೊಪ್ಪಿನ ಬೆಟ್ಟ. ನಾನು ಏಳನೇ ಕ್ಲಾಸಿನಲ್ಲಿದ್ದ ವರ್ಷ, ಮಾರ್ಚ್ ತಿಂಗಳ ಒಂದು ಬೆಳಿಗ್ಗೆ, ಧರೆಯ ಮೇಲೆ ಗುಡಿಸಿ ರಾಶಿ ಹಾಕಿದ್ದ ದರಗಿಗೆ, ಅಂದರೆ ಉದುರಿದ ಒಣ ಎಲೆಗೆ, ದೊಡ್ಡಪ್ಪ ಬೆಂಕಿ ಕೊಟ್ಟರು. ಅರ್ಧ ಗಂಟೆಯಲ್ಲಿ ಉರಿದು ಬೂದಿಯಾಯಿತು. ಎರಡು ಕೊಡ ನೀರು ಹೊಯ್ದರು, ಕೋಲಿನಿಂದ ಕೆದಕಿದರು, ಹೊಗೆ ನಿಂತ ಮೇಲೆ ಸ್ನಾನಕ್ಕೆ ಹೋದರು. ಊರಲ್ಲಿ ಎಲ್ಲರೂ ಮಾಡುವುದನ್ನೇ ಅವರೂ ಮಾಡಿದ್ದರು.

ರಾಶಿಯ ಅಡಿಯಲ್ಲಿ ಹಳೆಯ ಮತ್ತಿ ಮರದ ಬೊಡ್ಡೆಯೊಂದಿತ್ತು. ಒಳಗೆಲ್ಲ ಲಡ್ಡಾಗಿತ್ತು. ಕೆಂಡ ಆ ಲಡ್ಡಿನೊಳಗೆ ಇಳಿದು, ಬೇರಿನ ಗುಂಟ ಸದ್ದಿಲ್ಲದೆ ಉರಿಯುತ್ತಲೇ ಇತ್ತು. ಮೇಲೆ ಹೊಗೆಯೂ ಕಾಣುತ್ತಿರಲಿಲ್ಲ. ಮೂರನೇ ದಿನ ಮಧ್ಯಾಹ್ನ ಜೋರು ಗಾಳಿ ಎದ್ದಿತು. ನಾವು ಊಟಕ್ಕೆ ಕೂತಿದ್ದೆವು. ಹೊರಗೆ ಚಟಚಟ ಸದ್ದು. ಬಂದು ನೋಡಿದರೆ ಬೇಣದ ಕರಡದ ಹುಲ್ಲಿಗೆ ಬೆಂಕಿ ಹತ್ತಿ, ಒಂದು ಆಳೆತ್ತರದ ಗೆರೆಯಾಗಿ ಮೇಲಕ್ಕೆ ಓಡುತ್ತಿತ್ತು. ಹತ್ತು ಹನ್ನೆರಡು ಜನ ಹಸಿ ಸೊಪ್ಪಿನ ಟೊಂಗೆ ಹಿಡಿದು ಕತ್ತಲಾಗುವವರೆಗೆ ಬಡಿದರು. ಬೇಣ ಹೋಯಿತು. ಪಕ್ಕದ ಮನೆಯವರು ಎರಡು ವರ್ಷದಿಂದ ಸಾಕಿದ್ದ ಗೇರು ಸಸಿಗಳು ಹೋದವು. ಬೆಟ್ಟದ ಅಂಚಿನಲ್ಲಿ ಹೇಗೋ ನಿಂತಿತು.

ಇದನ್ನು ಇಷ್ಟು ಉದ್ದ ಹೇಳಿದ್ದಕ್ಕೆ ಕಾರಣ ಇದೆ. ಅದೇ ರಾಶಿಯನ್ನು ದೊಡ್ಡಪ್ಪ ಡಿಸೆಂಬರ್‌ನಲ್ಲಿ, ಇಬ್ಬನಿ ಇನ್ನೂ ಬೀಳುವ ಹೊತ್ತಲ್ಲಿ ಸುಟ್ಟಿದ್ದರೆ ಬಹುಶಃ ಏನೂ ಆಗುತ್ತಿರಲಿಲ್ಲ. ಜಾಗ ಅದೇ, ರಾಶಿ ಅದೇ, ಜನ ಅವರೇ. ತಪ್ಪಿದ್ದು ದಿನ. ಬಯಲಲ್ಲಿ ಬೆಂಕಿ ಹಚ್ಚುವ ಬಗ್ಗೆ ಜಗತ್ತಿನಲ್ಲಿ ಎಲ್ಲೆಲ್ಲಿ ಒಳ್ಳೆಯ ನಿಯಮಗಳಿವೆಯೋ ಅಲ್ಲೆಲ್ಲ ಮೊದಲ ಪ್ರಶ್ನೆ ಒಂದೇ: ಇವತ್ತು ಎಂಥ ದಿನ? ನಮ್ಮ ಕಾನೂನು ಮಾತ್ರ ಹೆಚ್ಚಾಗಿ ‘ಎಲ್ಲಿ ಹಚ್ಚಿದೆ’ ಎಂದು ಕೇಳುತ್ತದೆ. ಈ ಎರಡು ಪ್ರಶ್ನೆಗಳ ನಡುವಿನ ಜಾಗದಲ್ಲೇ ಪ್ರತಿ ಬೇಸಿಗೆ ನಮ್ಮ ಬೇಣ, ಬೆಟ್ಟ, ಕಾಡು ಸುಡುತ್ತಿವೆ.

ದರಗು ಒಣಗುವ ಲೆಕ್ಕ

ಮೊದಲು ದಿನ ಯಾಕೆ ಅಷ್ಟು ಮುಖ್ಯ ಎಂದು ನೋಡೋಣ.

ಒಣ ಎಲೆ ಅಂದರೆ ಪೂರ್ತಿ ಒಣ ಅಲ್ಲ. ಅದರಲ್ಲಿ ಯಾವಾಗಲೂ ಸ್ವಲ್ಪ ತೇವ ಇದ್ದೇ ಇರುತ್ತದೆ. ಆ ತೇವವನ್ನು ಅದು ಗಾಳಿಯಿಂದ ಹೀರಿಕೊಳ್ಳುತ್ತದೆ, ಗಾಳಿ ಒಣಗಿದಾಗ ವಾಪಸ್ ಬಿಟ್ಟುಕೊಡುತ್ತದೆ. ಎಷ್ಟು ಬೇಗ ಅನ್ನುವುದು ದಪ್ಪದ ಮೇಲಿದೆ. ಕಾಡಿನ ಬೆಂಕಿಯನ್ನು ಅಧ್ಯಯನ ಮಾಡುವವರು ಸೌದೆಯನ್ನು ಗಂಟೆಯ ಲೆಕ್ಕದಲ್ಲೇ ವಿಂಗಡಿಸುತ್ತಾರೆ. ಹುಲ್ಲು, ದರಗು, ಕಡ್ಡಿಗಳದ್ದು ಒಂದು ಗಂಟೆಯ ಲೆಕ್ಕ. ಬೆರಳು ದಪ್ಪದ ಪುಳ್ಳೆಯದ್ದು ಹತ್ತು ಗಂಟೆ. ತೋಳು ದಪ್ಪದ್ದು, ಅದಕ್ಕೂ ದಪ್ಪದ ಕುಂಟೆಯದ್ದು ನೂರು ಗಂಟೆ, ಸಾವಿರ ಗಂಟೆ.

ಇದರ ಅರ್ಥ ಏನು? ಬೆಳಿಗ್ಗೆ ಏಳಕ್ಕೆ ಕೈಯಲ್ಲಿ ಹಿಡಿದರೆ ಮೆತ್ತಗಿರುವ ದರಗು ಹನ್ನೊಂದರ ಹೊತ್ತಿಗೆ ಹಪ್ಪಳದ ಹಾಗೆ ಪುಡಿಯಾಗುತ್ತದೆ. ಎರಡೂ ಒಂದೇ ಎಲೆ. ಬೆಳಿಗ್ಗೆ ಕಡ್ಡಿ ಗೀರಿದರೂ ಹತ್ತದ್ದು, ಮಧ್ಯಾಹ್ನ ಒಂದು ಕಿಡಿಗೆ ಭಗ್ ಅನ್ನುತ್ತದೆ. ‘ಮೊನ್ನೆ ಮಳೆ ಬಂದಿದೆ, ಏನೂ ಆಗಲ್ಲ’ ಎನ್ನುವವರು ಇದನ್ನು ಮರೆಯುತ್ತಾರೆ. ಮಾರ್ಚ್‌ನ ಒಂದು ಹನಿ ಮಳೆ ಹುಲ್ಲಿನ ಲೆಕ್ಕದಲ್ಲಿ ಮರುದಿನ ಮಧ್ಯಾಹ್ನಕ್ಕೆ ಮುಗಿದುಹೋಗಿರುತ್ತದೆ. ದಪ್ಪ ಕುಂಟೆ, ಬೊಡ್ಡೆಗಳದ್ದು ಇದಕ್ಕೆ ತಿರುಗಾಮುರುಗಾ. ಅವು ತಿಂಗಳುಗಟ್ಟಲೆ ಬಿಸಿಲಿಗೆ ನಿಧಾನ ಒಣಗಿ, ಒಮ್ಮೆ ಕೆಂಡ ಹಿಡಿದವೆಂದರೆ ಎರಡು ಕೊಡ ನೀರಿಗೆ ಬಗ್ಗುವುದಿಲ್ಲ. ದೊಡ್ಡಪ್ಪ ಸೋತಿದ್ದು ಅಲ್ಲೇ.

ಎರಡನೆಯದು ಗಾಳಿ. ಗಾಳಿ ಬೆಂಕಿಗೆ ಉಸಿರು ಕೊಡುತ್ತದೆ ಅನ್ನುವುದು ಎಲ್ಲರಿಗೂ ಗೊತ್ತು. ಅದಕ್ಕಿಂತ ಹೆಚ್ಚಾಗಿ ಅದು ಜ್ವಾಲೆಯನ್ನು ಮುಂದಕ್ಕೆ ಬಗ್ಗಿಸಿ, ಮುಂದಿನ ಹುಲ್ಲನ್ನು ಬೆಂಕಿ ತಲುಪುವ ಮೊದಲೇ ಹುರಿದುಬಿಡುತ್ತದೆ. ಉರಿಯುವ ಎಲೆಯನ್ನು ಎತ್ತಿ ಬೆಂಕಿ ದಾಟದಿರಲೆಂದು ನಾವು ಹುಲ್ಲು ಸವರಿ ಮಾಡಿದ ಬೆಂಕಿ ರೇಖೆಯ ಆಚೆ ಹಾಕುತ್ತದೆ.

ನಮ್ಮ ಕರಾವಳಿ ಮತ್ತು ಘಟ್ಟದ ಬುಡದವರು ಇನ್ನೊಂದು ವಿಷಯ ಗಮನಿಸಬೇಕು. ಫೆಬ್ರವರಿ, ಮಾರ್ಚ್‌ನಲ್ಲಿ ಬೆಳಗಿನ ಹೊತ್ತು ಅಲ್ಲಿ ಹೆಚ್ಚಾಗಿ ಮೂಡುಗಾಳಿ ಇರುತ್ತದೆ, ಘಟ್ಟದಿಂದ ಕಡಲಿನ ಕಡೆಗೆ. ಬಿಸಿಲೇರಿದ ಮೇಲೆ ಕಡಲಗಾಳಿ ಶುರುವಾಗುತ್ತದೆ, ಕಡಲಿನಿಂದ ಘಟ್ಟದ ಕಡೆಗೆ. ಬೆಳಿಗ್ಗೆ ಎಂಟಕ್ಕೆ ಬೆಂಕಿ ಹಾಕುವಾಗ ಹೊಗೆ ಕಾಡಿಗೆ ಬೆನ್ನು ಮಾಡಿ ಹೋಗುತ್ತಿರುತ್ತದೆ. ಧೈರ್ಯ ಬರುತ್ತದೆ. ಮಧ್ಯಾಹ್ನ ಅದೇ ಗಾಳಿ ತಿರುಗಿ, ಉಳಿದ ಕೆಂಡವನ್ನು ಸೀದಾ ಕಾಡಿನ ಮುಖಕ್ಕೆ ಊದುತ್ತದೆ.

ಮೂರನೆಯದು ಇಳಿಜಾರು. ಬೆಂಕಿ ಏರಿನಲ್ಲಿ ಓಡುತ್ತದೆ, ಇಳಿಜಾರಿನಲ್ಲಿ ತೆವಳುತ್ತದೆ. ಸ್ಥೂಲವಾಗಿ, ಏರು ಪ್ರತಿ 10 ಡಿಗ್ರಿ ಕಡಿದಾದ ಹಾಗೆ ಬೆಂಕಿಯ ವೇಗ ಎರಡರಷ್ಟಾಗುತ್ತದೆ. 20 ಡಿಗ್ರಿ ಅಂದರೆ ನಾಲ್ಕರಷ್ಟು. ಮಲೆನಾಡಿನ ಗುಡ್ಡದ ಮೈಯಲ್ಲಿ 20 ಡಿಗ್ರಿ ಅನ್ನುವುದು ದೊಡ್ಡದೇನಲ್ಲ. 2018ರ ಮಾರ್ಚ್‌ನಲ್ಲಿ ತಮಿಳುನಾಡಿನ ಥೇಣಿ ಜಿಲ್ಲೆಯ ಕುರಂಗಣಿ ಬೆಟ್ಟದಲ್ಲಿ ಚಾರಣಕ್ಕೆ ಹೋದವರು ಇಂಥದ್ದೇ ಒಣಹುಲ್ಲಿನ ಇಳುಕಲಿನಲ್ಲಿ ಬೆಂಕಿಗೆ ಸಿಕ್ಕರು. ಇಪ್ಪತ್ತಕ್ಕೂ ಜಾಸ್ತಿ ಜನ ತೀರಿಕೊಂಡರು. ಕುಮಾರ ಪರ್ವತದಂಥ ದಾರಿಗಳನ್ನು ನಮ್ಮ ಅರಣ್ಯ ಇಲಾಖೆ ಬೇಸಿಗೆಯಲ್ಲಿ ಮುಚ್ಚಿದಾಗ ಬೇಜಾರು ಮಾಡಿಕೊಳ್ಳುವವರು ಆ ಬೆಟ್ಟವನ್ನು ಒಮ್ಮೆ ನೆನೆಯಬೇಕು.

ಒಂದೇ ವಾರದಲ್ಲಿ ಇದೆಲ್ಲ ಒಟ್ಟಿಗೆ ಬಂದರೆ ಏನಾಗುತ್ತದೆ ಅನ್ನುವುದಕ್ಕೆ 2019ರ ಫೆಬ್ರವರಿಯ ಕೊನೆ ವಾರ ಸಾಕ್ಷಿ. ಬಂಡೀಪುರದ ಗೋಪಾಲಸ್ವಾಮಿ ಬೆಟ್ಟದ ಸುತ್ತ ಬೆಂಕಿ ಎದ್ದು, ಹತ್ತು ಸಾವಿರ ಎಕರೆಗೂ ಮಿಕ್ಕಿ ಕಾಡು ಸುಟ್ಟಿತು. ಲಾಂಟಾನ ಒಣಗಿ ನಿಂತಿದ್ದ ಕಡೆ ಬೆಂಕಿ ನೆಲದಲ್ಲಿ ಉಳಿಯಲಿಲ್ಲ, ಪೊದೆಯನ್ನೇ ಏಣಿ ಮಾಡಿಕೊಂಡು ಮೇಲೇರಿತು. ಕೊನೆಗೆ ವಾಯುಪಡೆಯ ಹೆಲಿಕಾಪ್ಟರ್‌ಗಳು ಬಂದು ನೀರು ಸುರಿದವು. ಅದೇ ವಾರ, ಫೆಬ್ರವರಿ 23ರಂದು, ಬೆಂಗಳೂರಿನ ಯಲಹಂಕದಲ್ಲಿ ಏರೋ ಇಂಡಿಯಾ ನೋಡಲು ಬಂದವರ ಕಾರುಗಳು ನಿಂತಿದ್ದ ಬಯಲಲ್ಲಿ ಬೆಂಕಿ ಎದ್ದಿತು. ಒಣಹುಲ್ಲು, ಜೋರು ಗಾಳಿ. ಸುಮಾರು 300 ಕಾರುಗಳು ಸುಟ್ಟುಹೋದವು. ಒಂದು ದಟ್ಟ ಕಾಡು, ಇನ್ನೊಂದು ಊರಿನ ಪಾರ್ಕಿಂಗ್ ಬಯಲು. ಎರಡನ್ನೂ ಒಂದೇ ಬಗೆಯ ದಿನಗಳು ಸುಟ್ಟವು.

ಕಾನೂನಿನಲ್ಲಿ ಇರುವುದು ಏನು?

ತುಂಬ ಜನ ಕೇಳುವ ಪ್ರಶ್ನೆ: ‘ನನ್ನ ಜಮೀನು, ನನ್ನ ಕಸ. ನಾನು ಸುಟ್ಟರೆ ಯಾರಿಗೇನು?’ ಉತ್ತರ ಸ್ವಲ್ಪ ಬಿಡಿಸಿ ಹೇಳಬೇಕಾದದ್ದು.

1927ರ ಭಾರತೀಯ ಅರಣ್ಯ ಕಾಯ್ದೆಯ 26ನೇ ಸೆಕ್ಷನ್ ಮೀಸಲು ಅರಣ್ಯದಲ್ಲಿ ಏನೇನು ಮಾಡಬಾರದು ಎಂದು ಹೇಳುತ್ತದೆ. ಕರ್ನಾಟಕಕ್ಕೆ ತನ್ನದೇ ಆದ 1963ರ ಅರಣ್ಯ ಕಾಯ್ದೆ ಇದೆ, ಅದರದ್ದೂ ಇದೇ ಜಾಡು. ಬೆಂಕಿಯ ವಿಷಯದಲ್ಲಿ ಅಲ್ಲಿ ಎರಡು ಬೇರೆ ಬೇರೆ ಮಾತುಗಳಿವೆ, ಎರಡನ್ನೂ ಸೇರಿಸಿ ಗೊಂದಲ ಮಾಡಿಕೊಳ್ಳುತ್ತೇವೆ.

ಒಂದು ಕಾಡಿನ ಒಳಗಿನದು. ಮೀಸಲು ಅರಣ್ಯದ ಒಳಗೆ ಬೆಂಕಿ ಹೊತ್ತಿಸುವುದಷ್ಟೇ ಅಲ್ಲ, ಇಟ್ಟುಕೊಳ್ಳುವುದು, ಹಿಡಿದುಕೊಂಡು ಹೋಗುವುದು ಕೂಡ ಅಪರಾಧ. ಅರಣ್ಯಾಧಿಕಾರಿ ತಿಳಿಸಿದ ಋತುವಿನಲ್ಲಿ ಮಾತ್ರ ಅದಕ್ಕೆ ವಿನಾಯಿತಿ. ಅಂದರೆ ಬೀಡಿ ಸೇದುತ್ತಾ ನಡೆಯುವುದು, ಜೇನು ಇಳಿಸಲು ಹೊಗೆ ಸೂಡಿ ಒಯ್ಯುವುದು, ಚಾರಣದಲ್ಲಿ ಮ್ಯಾಗಿ ಬೇಯಿಸಲು ಮೂರು ಕಲ್ಲಿಟ್ಟು ಒಲೆ ಹೂಡುವುದು, ಎಲ್ಲವೂ ಇದರೊಳಗೆ ಬರುತ್ತವೆ.

ಇನ್ನೊಂದು ಕಾಡಿನ ಹೊರಗಿನವರನ್ನೂ ಮುಟ್ಟುವ ಮಾತು. ಕಾಡಿಗೆ ‘ಅಪಾಯವಾಗುವ ರೀತಿಯಲ್ಲಿ’ ಬೆಂಕಿ ಹೊತ್ತಿಸುವುದು ಅಥವಾ ಉರಿಯುತ್ತಿರುವ ಬೆಂಕಿಯನ್ನು ಹಾಗೇ ಬಿಟ್ಟುಹೋಗುವುದು. ಇಲ್ಲಿ ಗಮನಿಸಿ, ಬಿಟ್ಟುಹೋಗುವುದೂ ತಪ್ಪು. ಹಚ್ಚಿದ ಉದ್ದೇಶ ಒಳ್ಳೆಯದಿತ್ತು, ಆಮೇಲೆ ಗಾಳಿ ಬಂತು ಅಂದರೆ ನಡೆಯುವುದಿಲ್ಲ. ದಂಡದ ಜೊತೆಗೆ ಕಾಡಿಗೆ ಆದ ನಷ್ಟವನ್ನೂ ಕಟ್ಟಿಸುವ ಅಧಿಕಾರ ಕೋರ್ಟಿಗಿದೆ. ಸೊಪ್ಪಿನ ಬೆಟ್ಟ ಇರುವವರಿಗಂತೂ ಇದು ಇನ್ನೂ ಹತ್ತಿರದ ವಿಷಯ. ಬೆಟ್ಟವನ್ನು ನಾವು ‘ನಮ್ಮದು’ ಅನ್ನುತ್ತೇವೆ. ಸೊಪ್ಪು, ದರಗು ತರುವ ಸವಲತ್ತು ನಮ್ಮದು, ಭೂಮಿ ಸರ್ಕಾರದ್ದು.

ಅದೇ ಕಾಯ್ದೆಯಲ್ಲಿ ಜನರಿಗೆ ಗೊತ್ತಿಲ್ಲದ ಇನ್ನೊಂದು ಅಂಶ ಇದೆ. ಬೇಕೆಂದೇ ಅಥವಾ ತೀರಾ ಬೇಜವಾಬ್ದಾರಿಯಿಂದ ಮೀಸಲು ಅರಣ್ಯಕ್ಕೆ ಬೆಂಕಿ ಬಿದ್ದರೆ, ಆ ಭಾಗದಲ್ಲಿ ದನ ಮೇಯಿಸುವ, ಕಾಡುತ್ಪತ್ತಿ ತರುವ ಹಕ್ಕನ್ನೇ ಸರ್ಕಾರ ಕೆಲಕಾಲ ನಿಲ್ಲಿಸಬಹುದು. ಹಚ್ಚಿದವನು ಒಬ್ಬ, ಅನುಭವಿಸುವುದು ಇಡೀ ಊರು. ಹಾಗೇ, ಕಾಡಿನಿಂದ ಇಂಥ ಹಕ್ಕು ಪಡೆದವರು ಬೆಂಕಿ ಕಂಡಾಗ ಸುಮ್ನೆ ನೋಡುತ್ತಾ ನಿಲ್ಲುವ ಹಾಗಿಲ್ಲ. ಯಾರೂ ಕರೆಯದಿದ್ದರೂ ಆರಿಸಲು ಮುಂದಾಗಬೇಕು, ಹತ್ತಿರದ ಅರಣ್ಯ ಸಿಬ್ಬಂದಿಗೋ ಪೊಲೀಸರಿಗೋ ತಿಳಿಸಬೇಕು. ಅದು ಕಾನೂನಿನ ಕರ್ತವ್ಯ.

ಅಭಯಾರಣ್ಯ, ರಾಷ್ಟ್ರೀಯ ಉದ್ಯಾನಗಳಿಗೆ ಬಂದರೆ 1972ರ ವನ್ಯಜೀವಿ ಕಾಯ್ದೆ ಬರುತ್ತದೆ. ಅದರ 30ನೇ ಸೆಕ್ಷನ್ ಬೆಂಕಿಗೆಂದೇ ಇರುವುದು. ಶಿಕ್ಷೆ 3 ವರ್ಷದವರೆಗೆ ಹೋಗಬಹುದು, 2022ರ ತಿದ್ದುಪಡಿಯ ನಂತರ ದಂಡ 1 ಲಕ್ಷ ರೂಪಾಯಿವರೆಗೆ. ಹುಲಿ ಸಂರಕ್ಷಿತ ಪ್ರದೇಶದ ಕೋರ್ ಭಾಗದಲ್ಲಿ ನಡೆದ ಅಪರಾಧಕ್ಕೆ ಕನಿಷ್ಠವೇ 3 ವರ್ಷ, ಗರಿಷ್ಠ 7 ವರ್ಷ ಜೈಲು.

ಕಾಡೇ ಇಲ್ಲದ ಕಡೆ? ಮೊದಲಿದ್ದ ಐಪಿಸಿಯ ಬದಲು 2024ರ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆ ಬಂದಿದೆ. ಅದರ 287ನೇ ಸೆಕ್ಷನ್ ಪ್ರಕಾರ ಜನರ ಜೀವಕ್ಕೆ ಅಪಾಯವಾಗುವ ಹಾಗೆ ಬೆಂಕಿಯ ವಿಷಯದಲ್ಲಿ ಬೇಜವಾಬ್ದಾರಿ ಮಾಡಿದರೆ 6 ತಿಂಗಳವರೆಗೆ ಜೈಲು, ಅಥವಾ 2,000 ರೂಪಾಯಿವರೆಗೆ ದಂಡ, ಅಥವಾ ಎರಡೂ. ಕಬ್ಬಿನ ಗದ್ದೆಯ ರವದಿಗೆ ಹಾಕಿದ ಬೆಂಕಿ ಪಕ್ಕದ ಗದ್ದೆಯ ಗುಡಿಸಲಿಗೆ ಹತ್ತಿದರೆ ಈ ಸೆಕ್ಷನ್ ನೆನಪಿಗೆ ಬರುತ್ತದೆ. ಪಟ್ಟಣದವರು ರಸ್ತೆ ಬದಿ ಎಲೆ ಗುಡಿಸಿ, ಕಸದ ಜೊತೆ ಸುಡುವುದಕ್ಕೆ ಬೇಸಿಗೆ ಮಳೆಗಾಲ ಎಂಬ ಭೇದವೇ ಇಲ್ಲ. 2016ರ ಡಿಸೆಂಬರ್‌ನಲ್ಲಿ ರಾಷ್ಟ್ರೀಯ ಹಸಿರು ನ್ಯಾಯಮಂಡಳಿ ಬಯಲಲ್ಲಿ ಕಸ ಸುಡುವುದನ್ನೇ ನಿಷೇಧಿಸಿತು. ಸಣ್ಣ ಪ್ರಮಾಣಕ್ಕೆ 5,000, ರಾಶಿಗಟ್ಟಲೆ ಸುಟ್ಟರೆ 25,000 ರೂಪಾಯಿ.

ಇಷ್ಟೆಲ್ಲ ಓದಿದ ಮೇಲೆ ಒಂದು ಕೊರತೆ ಎದ್ದು ಕಾಣುತ್ತದೆ, ಅಲ್ವಾ? ಕಾಡಂಚಿನ ರೈತನಿಗೆ ಕಾನೂನು ಹೇಳುವುದು ‘ಅಪಾಯವಾಗುವ ರೀತಿಯಲ್ಲಿ ಬೇಡ’ ಎಂದು. ಯಾವ ರೀತಿ ಅಪಾಯ? ಕಾಡಿನಿಂದ ಎಷ್ಟು ದೂರ? ಎಷ್ಟು ಗಾಳಿ? ಯಾವ ತಿಂಗಳು? ಅದನ್ನು ಅಳೆಯುವ ಕೋಲು ಅವನ ಕೈಗೆ ಕೊಟ್ಟಿಲ್ಲ. ಬೆಂಕಿ ಕಾಡಿಗೆ ಹೋದ ಮೇಲೆ ‘ಅಪಾಯವಿತ್ತು’ ಎಂದು ಗೊತ್ತಾಗುತ್ತದೆ. ಆಗ ಕೇಸು ಹಾಕಬಹುದು, ಕಾಡು ವಾಪಸ್ ಬರುವುದಿಲ್ಲ.

ದಿನವನ್ನೇ ಅಳೆಯುವ ಊರು

ಆಸ್ಟ್ರೇಲಿಯಾದ ವಿಕ್ಟೋರಿಯಾ ರಾಜ್ಯ ಈ ಕೋಲನ್ನು ಕಷ್ಟಪಟ್ಟು ಕಟ್ಟಿಕೊಂಡಿದೆ. ಮೆಲ್ಬರ್ನ್ ಕಡೆ ಇರುವ ಕನ್ನಡಿಗರಿಗೆ ಇದು ದಿನಬಳಕೆಯ ವಿಷಯ. ಅಲ್ಲಿ 2009ರ ಫೆಬ್ರವರಿ 7ರಂದು, ಮೆಲ್ಬರ್ನ್‌ನಲ್ಲಿ 46 ಡಿಗ್ರಿ ದಾಟಿದ ಒಂದೇ ದಿನದ ಬೆಂಕಿಯಲ್ಲಿ 173 ಜನ ಸತ್ತರು.

ಅಲ್ಲಿನ ವ್ಯವಸ್ಥೆಗೆ ಎರಡು ಮೆಟ್ಟಿಲು. ಮೊದಲನೆಯದು ಬೆಂಕಿ ಅಪಾಯದ ಅವಧಿ. ಪ್ರತಿ ತಾಲ್ಲೂಕಿನಂಥ ಆಡಳಿತ ಪ್ರದೇಶಕ್ಕೂ, ಅಲ್ಲಿನ ಹುಲ್ಲು ಒಣಗುವುದನ್ನು ನೋಡಿ, ಇಂಥ ದಿನದಿಂದ ಇಂಥ ದಿನದವರೆಗೆ ಎಂದು ಘೋಷಿಸುತ್ತಾರೆ. ಆ ಅವಧಿಯಲ್ಲಿ ಹೊಲದ ಕಸ ಸುಡಲು ಪರವಾನಗಿ ಬೇಕು. ಬಯಲಲ್ಲಿ ಅಡುಗೆಗೋ ಚಳಿ ಕಾಯಿಸಲೋ ಸಣ್ಣ ಬೆಂಕಿ ಹಾಕಬಹುದು, ಆದರೆ ಅಳತೆಗಳಿವೆ. ಸುತ್ತ 3 ಮೀಟರ್ ಸುಡುವಂಥದ್ದೇನೂ ಇರಬಾರದು. ಬೆಂಕಿ 30 ಸೆಂಟಿಮೀಟರ್ ಆಳದ ಗುಂಡಿಯಲ್ಲೋ ಕಟ್ಟಿದ ಒಲೆಯಲ್ಲೋ ಇರಬೇಕು. ಪಕ್ಕದಲ್ಲಿ ಕನಿಷ್ಠ 10 ಲೀಟರ್ ನೀರು. ಒಬ್ಬ ದೊಡ್ಡವರು ಅಲ್ಲೇ ಕೂತಿರಬೇಕು. ಗಾಳಿ ಗಂಟೆಗೆ 10 ಕಿಲೋಮೀಟರ್ ಮೀರಬಾರದು.

ಎರಡನೆಯದು ಪೂರ್ಣ ಬೆಂಕಿ ನಿಷೇಧದ ದಿನ. ಹವಾಮಾನ ನೋಡಿ ಹೆಚ್ಚಾಗಿ ಹಿಂದಿನ ದಿನವೇ ಹೇಳಿಬಿಡುತ್ತಾರೆ. ಮಧ್ಯರಾತ್ರಿಯಿಂದ ಮಧ್ಯರಾತ್ರಿಯವರೆಗೆ. ಆ 24 ಗಂಟೆ ಪರವಾನಗಿ ಇದ್ದವನಿಗೂ ಬಯಲಲ್ಲಿ ಬೆಂಕಿ ಇಲ್ಲ. ಹಿತ್ತಲಿನ ಇದ್ದಿಲು ಒಲೆಯೂ ಬೇಡ. ಗ್ಯಾಸಿನ ಬಾರ್ಬೆಕ್ಯೂಗೆ ಷರತ್ತಿನ ಮೇಲೆ ಅವಕಾಶ. 2022ರ ಸೆಪ್ಟೆಂಬರ್‌ನಿಂದ ಇಡೀ ದೇಶಕ್ಕೆ ನಾಲ್ಕೇ ಹಂತದ ಅಪಾಯಸೂಚಿ ಬಂದಿದೆ, ರಸ್ತೆ ಬದಿಯ ಫಲಕದಲ್ಲಿ ಬಣ್ಣದ ಮುಳ್ಳು ತೋರಿಸುತ್ತದೆ. ನಾಲ್ಕನೇ ಹಂತ ಬಂದರೆ ಕಾಡಿನ ಮಗ್ಗುಲಲ್ಲಿರುವವರು ಬೆಂಕಿ ಏಳುವ ಮೊದಲೇ ಮನೆ ಬಿಟ್ಟು ಹೋಗಬೇಕು ಅನ್ನುವುದು ಸಲಹೆ.

ನನಗೆ ಇದರಲ್ಲಿ ಇಷ್ಟವಾಗುವುದು ಶಿಕ್ಷೆಯ ಗಾತ್ರವಲ್ಲ, ಆ 10 ಕಿಲೋಮೀಟರ್ ಎಂಬ ಅಂಕಿ. ಅದನ್ನು ಯಾವ ಯಂತ್ರವೂ ಇಲ್ಲದೆ ನಮ್ಮ ಅಂಗಳದಲ್ಲೇ ಅಳೆಯಬಹುದು. ಮುಖಕ್ಕೆ ಗಾಳಿ ತಾಗುವುದು ಗೊತ್ತಾಗುತ್ತದೆ, ಎಲೆ ಸರಸರ ಅನ್ನುತ್ತದೆ ಅಂದರೆ ಆಗಲೇ ಆ ಅಂಕಿಯ ಹತ್ತಿರ ಬಂದಿದ್ದೇವೆ. ಎಲೆಯ ಜೊತೆ ಸಣ್ಣ ಕಡ್ಡಿಗಳೂ ಬಿಡದೆ ಅಲ್ಲಾಡುತ್ತಿದ್ದರೆ ದಾಟಿದೆ. ಆ ಹೊತ್ತು ಕಡ್ಡಿಪೆಟ್ಟಿಗೆ ಕಿಸೆಯಲ್ಲೇ ಇರಲಿ.

ನಮ್ಮಲ್ಲಿ ಹೀಗೆ ದಿನ ನೋಡಿ ನಿಷೇಧ ಹೇರುವ ಅಧಿಕಾರವೇ ಇಲ್ಲ ಎಂದಲ್ಲ. ತುರ್ತು ಅಪಾಯ ಕಂಡಾಗ ಜಿಲ್ಲಾಧಿಕಾರಿ ನಾಗರಿಕ ಸುರಕ್ಷಾ ಸಂಹಿತೆಯ 163ನೇ ಸೆಕ್ಷನ್, ಅಂದರೆ ಹಿಂದಿನ 144, ಬಳಸಿ ಆದೇಶ ಹೊರಡಿಸಬಹುದು. ದಿನವನ್ನು ಅಳೆಯುವ ಕಣ್ಣೂ ಇದೆ. ಡೆಹ್ರಾಡೂನ್‌ನ ಭಾರತೀಯ ಅರಣ್ಯ ಸಮೀಕ್ಷಾ ಸಂಸ್ಥೆ 2004ರಿಂದ ಉಪಗ್ರಹದ ಮೂಲಕ ಕಾಡಿನ ಬೆಂಕಿ ಗುರುತಿಸುತ್ತಿದೆ. ಮೊದಲಿನ ಉಪಕರಣ ನೆಲವನ್ನು 1 ಕಿಲೋಮೀಟರ್‌ನ ಚೌಕಗಳಾಗಿ ನೋಡುತ್ತಿತ್ತು, ಆಮೇಲೆ ಬಂದದ್ದು 375 ಮೀಟರ್‌ನ ಚೌಕಗಳಾಗಿ ನೋಡುತ್ತದೆ. ಹೆಸರು ನೋಂದಾಯಿಸಿದರೆ ಯಾರಿಗೆ ಬೇಕಾದರೂ ತಮ್ಮ ಪ್ರದೇಶದ ಎಚ್ಚರಿಕೆ ಎಸ್‌ಎಂಎಸ್‌ನಲ್ಲಿ ಬರುತ್ತದೆ.

ಆ 375 ಮೀಟರ್ ಬಗ್ಗೆ ಒಂದು ಮಾತು. ಕಾಡಿಗೆ ತಾಗಿದ ನಮ್ಮ ಜಮೀನಿನಲ್ಲಿ ದೊಡ್ಡ ರಾಶಿ ಸುಟ್ಟರೆ, ಆ ಚೌಕದಲ್ಲಿ ಕಾಡೂ ಇರುತ್ತದೆ, ನಾವೂ ಇರುತ್ತೇವೆ. ಗಾರ್ಡ್ ಮೊಬೈಲಿಗೆ ಎಚ್ಚರಿಕೆ ಹೋದರೆ ಅವರು ಗುಡ್ಡ ಹತ್ತಿ ಬಂದು ನೋಡಲೇಬೇಕು. ಅದೇ ಹೊತ್ತಿಗೆ ಇನ್ನೊಂದು ಮೂಲೆಯಲ್ಲಿ ನಿಜವಾದ ಕಾಡ್ಗಿಚ್ಚು ಎದ್ದಿರಬಹುದು. ಈ ಸಿಬ್ಬಂದಿಯ ಕೈಯಲ್ಲಿ ಹೆಚ್ಚಿನ ಕಡೆ ಈಗಲೂ ಹಸಿ ಸೊಪ್ಪು, ಬೆನ್ನಿಗೆ ಹೊರುವ ಬ್ಲೋವರ್ ಬಿಟ್ಟರೆ ಜಾಸ್ತಿ ಏನಿಲ್ಲ. 2017ರ ಫೆಬ್ರವರಿಯಲ್ಲಿ ಬಂಡೀಪುರದ ಕಲ್ಕೆರೆ ವಲಯದಲ್ಲಿ ಒಬ್ಬ ಅರಣ್ಯ ರಕ್ಷಕ ಬೆಂಕಿಯ ನಡುವೆ ಸಿಕ್ಕು ಪ್ರಾಣ ಬಿಟ್ಟರು. 2023ರ ಫೆಬ್ರವರಿಯಲ್ಲಿ ಸಕಲೇಶಪುರ ತಾಲ್ಲೂಕಿನಲ್ಲಿ ಇನ್ನೊಬ್ಬರು. ಬೆಂಕಿ ಕಾಯಲು ಬೇಸಿಗೆಗೆಂದು ದಿನಗೂಲಿಗೆ ಸೇರುವ ಫೈರ್ ವಾಚರ್‌ಗಳು ಹೆಚ್ಚಾಗಿ ಕಾಡಂಚಿನ ಅದೇ ಊರುಗಳ ಹುಡುಗರು. ನಾವು ಹಚ್ಚಿದ್ದನ್ನು ಆರಿಸಲು ಓಡುವವರು ನಮ್ಮ ಪಕ್ಕದ ಮನೆಯವರೇ.

ಹಾಗಾದರೆ ಸುಡಲೇಬಾರದಾ?

ಇಲ್ಲಿ ನಾನು ಸುಲಭದ ಉತ್ತರ ಕೊಡಲಾರೆ.

ಬಿಳಿಗಿರಿರಂಗನ ಬೆಟ್ಟದ ಸೋಲಿಗರಿಗೆ ‘ತರಗು ಬೆಂಕಿ’ ಎಂಬ ಪದ್ಧತಿ ಇತ್ತು. ಬೇಸಿಗೆ ಬಲಿಯುವ ಮೊದಲೇ, ನೆಲದಲ್ಲಿ ಇನ್ನೂ ತಂಪು ಇರುವಾಗ, ಉದುರಿದ ತರಗಿಗೆ ಬೆಂಕಿ ಕೊಡುವುದು. ಬೆಂಕಿ ಮೊಣಕಾಲೆತ್ತರವೂ ಏಳದೆ, ನೆಲ ನೆಕ್ಕಿಕೊಂಡು ಹೋಗಿ ತಾನೇ ಆರುತ್ತಿತ್ತು. 1974ರಲ್ಲಿ ಆ ಕಾಡು ಅಭಯಾರಣ್ಯವಾಯಿತು, ಬೆಂಕಿ ನಿಂತಿತು. ಆಮೇಲೆ ಲಾಂಟಾನ ಹೆಚ್ಚಿತು, ನೆಲ್ಲಿ ಮರಗಳಿಗೆ ಉಪ್ಪಿಲು ಎಂಬ ಬಂದಳಿಕೆ ಹತ್ತಿತು, ಈಗ ಬೆಂಕಿ ಬಿದ್ದರೆ ಮರದ ತುದಿಗೆ ಹೋಗುತ್ತದೆ ಎನ್ನುವುದು ಸೋಲಿಗ ಹಿರಿಯರ ಮಾತು. ಪರಿಸರ ವಿಜ್ಞಾನಿಗಳು ಇದನ್ನು ಗಂಭೀರವಾಗಿ ತೆಗೆದುಕೊಂಡು ದಾಖಲಿಸಿದ್ದಾರೆ. ಲಾಂಟಾನ ಹಬ್ಬಿದ್ದಕ್ಕೆ ಬೆಂಕಿ ನಿಂತದ್ದೊಂದೇ ಕಾರಣವೇ ಎನ್ನುವುದು ಚರ್ಚೆಯ ವಿಷಯ. ಆದರೂ ಒಂದು ವಿಷಯ ಸ್ಪಷ್ಟ. ಸೋಲಿಗರು ಕಡ್ಡಿ ಗೀರುತ್ತಿದ್ದದ್ದು ದಿನ ನೋಡಿ.

ಅರಣ್ಯ ಇಲಾಖೆ ಮಾಡುವುದೂ ಅದನ್ನೇ. ಮಳೆಗಾಲ ಮುಗಿದ ಮೇಲೆ ಗಡಿ, ರಸ್ತೆಯ ಇಕ್ಕೆಲದ ಹುಲ್ಲು ಸವರಿ, ಬೇಸಿಗೆ ಏರುವ ಮೊದಲು, ಜನ ನಿಂತು ಕಾಯುತ್ತಾ ಅದನ್ನು ಸುಟ್ಟು ಬೆಂಕಿ ರೇಖೆ ಮಾಡುತ್ತಾರೆ. ಮಾರ್ಚ್‌ನಲ್ಲಿ ಅದೇ ಕೆಲಸಕ್ಕೆ ಕೈ ಹಾಕುವುದಿಲ್ಲ.

ಇಂಥ ಸುಡುವಿಕೆ ಸಾಮಾನ್ಯ ಜನರ ಕೈಗೆ ವಾಪಸ್ ಬರಬೇಕೇ, ಯಾವ ಷರತ್ತಿನ ಮೇಲೆ ಎಂಬುದು ದೊಡ್ಡ ಪ್ರಶ್ನೆ. ನಮ್ಮ ಮಟ್ಟಿಗೆ ಹೇಳುವುದಾದರೆ, ಮನೆಯ ದರಗನ್ನು ಸುಡುವ ಕಾರಣಗಳಲ್ಲಿ ಹೆಚ್ಚಿನವು ಗಟ್ಟಿ ನಿಲ್ಲುವುದಿಲ್ಲ. ಸುಟ್ಟರೆ ಹೊಸ ಹುಲ್ಲು ಚೆನ್ನಾಗಿ ಚಿಗುರುತ್ತದೆ ಎನ್ನುತ್ತಾರೆ. ಚಿಗುರುತ್ತದೆ ನಿಜ, ಆದರೆ ದರಗಿನಲ್ಲಿದ್ದ ಸಾರಜನಕದ ಬಹುಪಾಲು ಹೊಗೆಯಾಗಿ ಹೋಗಿರುತ್ತದೆ, ಬೋಳಾದ ಇಳಿಜಾರಿನ ಮಣ್ಣು ಮೊದಲ ಮಳೆಗೆ ಹಳ್ಳ ಸೇರುತ್ತದೆ. ಒಂದು ಕಾರಣಕ್ಕೆ ಮಾತ್ರ ನನಗೆ ಮರುಕ ಇದೆ: ಉಣುಗಿನ ಭಯ. ಉಣುಗಿನಿಂದ ಹರಡುವ ಮಂಗನ ಕಾಯಿಲೆ ಬಂದ ಊರುಗಳಲ್ಲಿ ಜನ ಮನೆ ಸುತ್ತಿನ ದರಗು ಸುಡುವುದು ಜೀವಭಯಕ್ಕೆ. ಉಣುಗಿನ ಕಾಟವೂ ಬೆಂಕಿಯ ಅಪಾಯವೂ ಒಂದೇ ತಿಂಗಳುಗಳಲ್ಲಿ ಬರುತ್ತವೆ. ಅಲ್ಲಿ ಮನೆ ಸುತ್ತಲ ದರಗನ್ನು ಗುಡಿಸಿ, ಗೊಬ್ಬರದ ಗುಂಡಿಗೆ ಹಾಕಿ ಮಣ್ಣು ಮುಚ್ಚುವುದು ಒಳ್ಳೆಯದು. ಗುಡಿಸುವಾಗ ಮೈತುಂಬ ಬಟ್ಟೆ ಇರಲಿ, ಆರೋಗ್ಯ ಕೇಂದ್ರದವರು ಕೊಡುವ ಎಣ್ಣೆ ಹಚ್ಚಿಕೊಳ್ಳಿ.

ಸುಡಲೇಬೇಕಾದ್ದು ಇದ್ದರೆ ಸಂಕ್ರಾಂತಿಯ ಆಚೆಗೆ ತಳ್ಳಬೇಡಿ. ಕಾಡಂಚಿನವರು ಒಂದು ದಿನ ಮೊದಲೇ ಗಾರ್ಡ್‌ಗೆ, ಪಕ್ಕದವರಿಗೆ ಹೇಳಿ. ಒಂದೇ ದೊಡ್ಡ ರಾಶಿ ಬೇಡ, ಸಣ್ಣ ಸಣ್ಣದು ಮಾಡಿ, ಒಂದು ಆರಿದ ಮೇಲೆ ಇನ್ನೊಂದು. ಬೊಡ್ಡೆ, ಒಣಬಿದಿರು ಮೆಳೆ, ಲಾಂಟಾನ ಪೊದೆಯ ಹತ್ತಿರ ಬೇಡವೇ ಬೇಡ. ಸುತ್ತ ಹುಲ್ಲು ಕೆತ್ತಿ ಮಣ್ಣು ಕಾಣುವ ಹಾಗೆ ಮಾಡಿ. ಬೆಳಿಗ್ಗೆ ಗಾಳಿ ಯಾವ ಕಡೆಗಿದೆ ಎಂದು ಮಾತ್ರ ನೋಡಿದರೆ ಸಾಲದು, ಮಧ್ಯಾಹ್ನ ಎಲ್ಲಿಗೆ ತಿರುಗುತ್ತದೆ ಎನ್ನುವುದನ್ನೂ ಲೆಕ್ಕ ಹಾಕಿ.

ಕೈಮೀರಿದರೆ 112ಕ್ಕೆ ಫೋನ್ ಮಾಡಿ. ಕಾಡಿನ ಬೆಂಕಿಯಾದರೆ ಅರಣ್ಯ ಇಲಾಖೆಯ ಸಹಾಯವಾಣಿ 1926 ಇದೆ. ಊರಿನ ಹೆಸರು, ಹತ್ತಿರದ ರಸ್ತೆ, ಹೊಗೆ ಯಾವ ದಿಕ್ಕಿಗೆ ವಾಲಿದೆ ಎಂದು ಹೇಳಿ. ಏರಿನ ಮೇಲೆ ನಿಂತು ಬೆಂಕಿ ನೋಡಬೇಡಿ. ತಪ್ಪಿಸಿಕೊಳ್ಳಬೇಕಾದರೆ ಮೇಲಕ್ಕೆ ಓಡಬೇಡಿ. ಪಕ್ಕಕ್ಕೆ ಸರಿದು ಇಳಿಯಿರಿ, ಆಗಲೇ ಸುಟ್ಟು ಕಪ್ಪಾದ ನೆಲ ಸಿಕ್ಕರೆ ಅದೇ ಸುರಕ್ಷಿತ.

ದೊಡ್ಡಪ್ಪ ಆ ವರ್ಷದ ನಂತರ ದರಗನ್ನೆಲ್ಲ ತೋಟಕ್ಕೇ ಹೊರಿಸಿ ಅಡಿಕೆ ಬುಡಕ್ಕೆ ಹಾಕಿಸತೊಡಗಿದರು. ರೋಗ ಹತ್ತಿದ ಕಸವನ್ನೋ ಮುಳ್ಳುಕಂಟಿಯನ್ನೋ ಸುಡಲೇಬೇಕಾದರೆ ಡಿಸೆಂಬರ್‌ನಲ್ಲೇ ಮುಗಿಸುತ್ತಿದ್ದರು. ನೀರು ಹೊಯ್ದು, ಬೂದಿ ಕೆದಕಿ, ಮತ್ತೆ ನೀರು ಹೊಯ್ದ ಮೇಲೆ, ನನ್ನನ್ನು ಕರೆದು ‘ತಮಾ, ಕೈ ಇಟ್ಟು ನೋಡು’ ಎನ್ನುತ್ತಿದ್ದರು. ಅಂಗೈ ಅಲ್ಲ, ಹಿಂಗೈ. ಹಿಂಗೈಗೆ ಶಾಖ ಬೇಗ ಗೊತ್ತಾಗುತ್ತದೆ. ಮೊದಲು ಬೂದಿಗೆ ತಾಗದ ಹಾಗೆ ಮೇಲೆ ಹಿಡಿಯುವುದು, ಬಿಸಿ ಹೊಡೆಯದಿದ್ದರೆ ಮಾತ್ರ ಮೆಲ್ಲಗೆ ಮುಟ್ಟುವುದು. ರಾತ್ರಿ ಊಟ ಆದ ಮೇಲೆ ಟಾರ್ಚ್ ಆರಿಸಿಕೊಂಡು ಧರೆ ಹತ್ತಿ, ಕತ್ತಲಲ್ಲಿ ಎಲ್ಲಾದರೂ ಕೆಂಪು ಕಾಣುತ್ತದೆಯೇ ಎಂದು ಹತ್ತು ನಿಮಿಷ ಸುಮ್ಮನೆ ನಿಲ್ಲುತ್ತಿದ್ದರು. ಮೂರನೇ ದಿನವೂ.